‘ಏನೂ ಅನ್ಸ್ತಿಲ್ಲ’ ಅಂತ 14416ಕ್ಕೆ ಫೋನ್ ಮಾಡಿದರೆ: ದಾವಣಗೆರೆ ಸೀಮೆಯವರಿಗೊಂದು ವಿಮರ್ಶೆ

ದಾವಣಗೆರೆ ಕಡೆ ಮನಸ್ಸಿನ ಎಲ್ಲ ತೊಂದರೆಗೂ ಇರೋದು ಒಂದೇ ಹೆಸರು: ಬೇಜಾರು. ಮೆಕ್ಕೆಜೋಳದ ರೇಟು ಬಿದ್ದರೂ ಬೇಜಾರು, ಮಗಳು ಗಂಡನ ಮನೆಗೆ ಹೊರಟರೂ ಬೇಜಾರು, ಅಪ್ಪ ತೀರಿಕೊಂಡರೂ ಬೇಜಾರು. ಈ ಪದದ ಹೊಟ್ಟೆಯೊಳಗೆ ಇನ್ನೊಂದು ಸ್ಥಿತಿ ಅಡಗಿ ಕೂತಿದೆ, ಅದು ಬೇಜಾರೂ ಅಲ್ಲ. ರೇಟು ಬಿದ್ದಾಗ ಸಿಟ್ಟು ಬರಲಿಲ್ಲ, ಮಗಳು ಹೊರಟಾಗ ಗಂಟಲು ಕಟ್ಟಲಿಲ್ಲ, ಅಪ್ಪನ ಮಣ್ಣು ಮುಗಿಸಿ ಬಂದರೂ ಕಣ್ಣಲ್ಲಿ ನೀರಿಲ್ಲ. ಊಟ, ಕೆಲಸ, ವ್ಯವಹಾರ ಎಲ್ಲ ನಡೀತಿದೆ. ಒಳಗೆ ಮಾತ್ರ ಕರೆಂಟ್ ಹೋದ ಮನೆ. ‘ಕಲ್ಲಾದಂಗೆ ಕುಂತಾನೆ ನೋಡು’ ಅಂತ ಮನೆಯವರು ಅನ್ನೋದು ಇದನ್ನೇ.

ಈ ವಿಮರ್ಶೆ ಅಂಥವರಿಗೆ ಮತ್ತು ಅವರ ಮನೆಯವರಿಗೆ. ಮನಸ್ಸಿನ ತೊಂದರೆಗೆಂದೇ ಇರುವ ಸರ್ಕಾರದ ಉಚಿತ ಸಹಾಯವಾಣಿ ಟೆಲಿ-ಮಾನಸ್ (14416), ಅಲ್ಲಿಂದ ಮುಂದೆ ಸಿಗುವ ಸರ್ಕಾರಿ ಆಸ್ಪತ್ರೆಯ ಸೇವೆ, ಮನೆಯಲ್ಲೇ ಮಾಡಿಕೊಳ್ಳುವ ಅಭ್ಯಾಸ, ಈ ಮೂರನ್ನೂ ಇದೊಂದೇ ದೂರಿನ ಕಡೆಯಿಂದ ನೋಡಿದ್ದೇವೆ. ನಿದ್ದೆಗೆಟ್ಟವರಿಗೆ, ಪರೀಕ್ಷೆ ಭಯದವರಿಗೆ ಈ ಸೇವೆ ಹೇಗೆ ಅನ್ನೋದು ಬೇರೆ ಮಾತು. ತೀರ್ಪು ಮೊದಲೇ ಹೇಳಿಬಿಡುತ್ತೇವೆ. ಮೊದಲ ಫೋನಿಗೆ ಇದು ಒಳ್ಳೆಯ ಜಾಗ. ಆದರೆ ‘ಬೇಜಾರು’ ಅನ್ನುವ ಒಂದೇ ಪದ ಹೇಳಿ ಸುಮ್ಮನಾದವರಿಗೆ ಇಲ್ಲಿ ಮಾತ್ರ ಅಲ್ಲ, ಎಲ್ಲಿ ಹೋದರೂ ಸಿಗುವುದು ಬೇಜಾರಿನ ಔಷಧಿಯೇ: ವಾಕಿಂಗ್ ಹೋಗಿ, ಸ್ನೇಹಿತರ ಹತ್ತಿರ ಮಾತಾಡಿ, ಧ್ಯಾನ ಮಾಡಿ.

ಫೋನಿನ ಕಥೆ

ಟೆಲಿ-ಮಾನಸ್ ಶುರುವಾದದ್ದು 2022ರ ಅಕ್ಟೋಬರ್ 10ಕ್ಕೆ, ವಿಶ್ವ ಮಾನಸಿಕ ಆರೋಗ್ಯ ದಿನದಂದು. ನಂಬರು 14416. ಅದು ಹತ್ತದಿದ್ದರೆ 1800-891-4416. ಎರಡಕ್ಕೂ ದುಡ್ಡಿಲ್ಲ, ರಾತ್ರಿ ಎರಡು ಗಂಟೆಗೂ ಮಾಡಬಹುದು. ದೇಶದ ಮಟ್ಟದಲ್ಲಿ ಇದನ್ನು ನಡೆಸುವ ಹೊಣೆ ಬೆಂಗಳೂರಿನ ನಿಮ್ಹಾನ್ಸ್‌ನದು, ತಾಂತ್ರಿಕ ನೆರವು ಬೆಂಗಳೂರಿನದೇ ಐಐಐಟಿ ಅನ್ನುವ ತಂತ್ರಜ್ಞಾನ ಸಂಸ್ಥೆಯದು. ಫೋನ್ ಹೋದ ಮೇಲೆ ಭಾಷೆ ಆರಿಸಿಕೊಳ್ಳಲು ಹೇಳುತ್ತದೆ, ಕನ್ನಡ ಒತ್ತಿದರೆ ಕನ್ನಡ ಬಲ್ಲ ಆಪ್ತಸಮಾಲೋಚಕರು ಸಿಗುತ್ತಾರೆ. ಇವರು ಮೊದಲ ಹಂತ. ಅವರಿಗೆ ಬಗೆಹರಿಯದ್ದಾದರೆ ಅಥವಾ ಜೀವಕ್ಕೆ ಅಪಾಯ ಇದೆ ಅನ್ನಿಸಿದರೆ ತಜ್ಞರಿಗೆ ದಾಟಿಸುತ್ತಾರೆ, ಇಲ್ಲವೇ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮದವರ ಕಡೆಗೋ ಮೆಡಿಕಲ್ ಕಾಲೇಜಿನ ಕಡೆಗೋ ಕಳಿಸುತ್ತಾರೆ. 2024ರ ಅಕ್ಟೋಬರ್‌ನಲ್ಲಿ ಇದರದೇ ಆ್ಯಪ್ ಬಂತು. ಈ ತೊಂದರೆಗೆ ಆ್ಯಪಿಗಿಂತ ಫೋನೇ ವಾಸಿ. ಭಾವನೆ ಮಂಕಾದವರಿಗೆ ಬೇಕಾದದ್ದು ಎದುರಿಗೊಂದು ದನಿ, ಇನ್ನೊಂದು ಪರದೆ ಅಲ್ಲ.

ಈ ಸೇವೆಯ ದೊಡ್ಡ ಲಾಭ ಹೇಳಬೇಕೆಂದರೆ ಗುಟ್ಟು. ದಾವಣಗೆರೆ ಎಷ್ಟೇ ಬೆಳೆದಿರಲಿ, ಮಂಡಿಪೇಟೆಯಲ್ಲಿ ಸೀನಿದರೆ ವಿದ್ಯಾನಗರದವರು ‘ನೆಗಡಿಯಾ?’ ಅಂತ ಕೇಳುವ ಊರು. ಮನೋವೈದ್ಯರ ರೂಮಿನ ಹೊರಗೆ ಕೂತವನನ್ನು ಯಾರೋ ಒಬ್ಬ ಸಂಬಂಧಿಕರು ನೋಡಿಯೇ ನೋಡುತ್ತಾರೆ. ಫೋನಿಗೆ ಆ ತಾಪತ್ರಯ ಇಲ್ಲ. ಮನೆಯೊಳಗೆ ಮಾತಾಡಲು ಜಾಗ ಇಲ್ಲದವರು ಕುಂದವಾಡ ಕೆರೆ ಏರಿ ಮೇಲೆ ನಡೀತಾ ಮಾತಾಡಬಹುದು. ನಡೆಯುವಾಗ ಮಾತು ಸಲೀಸಾಗಿ ಬರುವುದೂ ನಿಜ.

ಇನ್ನು ಕೊರತೆ. ಫೋನಿಗೆ ಮುಖ ಕಾಣೋದಿಲ್ಲ, ದನಿ ಮಾತ್ರ ಕೇಳುತ್ತದೆ. ಗಾಬರಿ ಇದ್ದವರ ದನಿ ನಡುಗುತ್ತದೆ, ದುಃಖ ಇದ್ದವರು ಅಳುತ್ತಾರೆ, ಕೇಳುವವರಿಗೆ ತಕ್ಷಣ ಗೊತ್ತಾಗುತ್ತದೆ. ಭಾವನೆ ಸತ್ತಂತಾದವರ ದನಿ ಸಮಾಧಾನವಾಗಿರುತ್ತದೆ, ಬ್ಯಾಂಕಿಗೆ ಫೋನ್ ಮಾಡಿ ಬ್ಯಾಲೆನ್ಸ್ ಕೇಳಿದ ಹಾಗೆ. ಸಮಾಧಾನದ ದನಿ ಕೇಳಿದ ಯಾರೇ ಆದರೂ ‘ಅಂಥ ದೊಡ್ಡದೇನಲ್ಲ’ ಅಂದುಕೊಳ್ಳುವ ಸಾಧ್ಯತೆ ಇದ್ದೇ ಇದೆ. ಅದು ಆ ಕಡೆಯವರ ತಪ್ಪಲ್ಲ, ಈ ತೊಂದರೆಯ ಸ್ವಭಾವವೇ ಹಾಗೆ. ಆದ್ದರಿಂದ ದನಿ ಹೇಳದ್ದನ್ನು ಬಾಯಿಬಿಟ್ಟು ಹೇಳಬೇಕು. ಇನ್ನೊಂದು ಮಿತಿ: ಇದು ವಾರಕ್ಕೊಮ್ಮೆ ಒಬ್ಬರೇ ತಜ್ಞರ ಹತ್ತಿರ ಕೂತು ಮಾಡುವ ಚಿಕಿತ್ಸೆಗೆ ಬದಲಿ ಅಲ್ಲ. ಎರಡನೇ ಸಲ ಮಾಡಿದಾಗ ಬೇರೆಯವರು ಎತ್ತಿದರೆ ಮೊದಲಿಂದ ಹೇಳಬೇಕಾಗಬಹುದು. ಒಂದು ಹಾಳೆಯಲ್ಲಿ ಬರೆದಿಟ್ಟುಕೊಂಡಿದ್ದರೆ ಆ ಕಷ್ಟ ಅರ್ಧ ಕಡಿಮೆ.

ಆ ಹಾಳೆಯಲ್ಲಿ ಏನಿರಬೇಕು? ಯಾವಾಗಿನಿಂದ ಅನ್ನೋದು ಮೊದಲು. ‘ಬಹಳ ದಿನದಿಂದ’ ಅಂದರೆ ಉಪಯೋಗವಿಲ್ಲ. ‘ದುಗ್ಗಮ್ಮನ ಜಾತ್ರೆ ಹೊತ್ತಿಗೆ ಸರಿ ಇದ್ದೆ, ಮುಂಗಾರು ಬಿತ್ತನೆ ಹೊತ್ತಿಗೆ ಹೀಗಾಗಿತ್ತು’ ಅಂದರೆ ಕೇಳುವವರಿಗೆ ಒಂದು ದಾರಿ. ಆಮೇಲೆ ಹೋಗಿರೋದು ಯಾವ್ಯಾವುದು: ಖುಷಿ ಮಾತ್ರ ಹೋಗಿದೆಯೋ, ಸಿಟ್ಟು, ಅಳು, ಹೆದರಿಕೆಯೂ ಹೋಗಿವೆಯೋ. ಇದು ಬಹಳ ಮುಖ್ಯ, ಯಾಕೆ ಅಂತ ಮುಂದೆ ನೋಡೋಣ. ದೇಹದ ವಿಚಾರ: ನಿದ್ದೆ, ಹಸಿವು, ತೂಕ, ಮಲಬದ್ಧತೆ, ಗಂಡಹೆಂಡಿರ ಸಂಬಂಧದಲ್ಲಿ ಆಸಕ್ತಿ. ತೆಗೆದುಕೊಳ್ಳುತ್ತಿರುವ ಎಲ್ಲ ಗುಳಿಗೆಗಳ ಹೆಸರು, ಎಷ್ಟು ಮಿಲಿಗ್ರಾಂ, ಯಾವ ತಿಂಗಳಿಂದ. ಕುಡಿತ, ಗಾಂಜಾ ಇದ್ದರೆ ಅದೂ. ಕೊನೆಗೆ, ಸಾಯುವ ಯೋಚನೆ ಬಂದಿದೆಯೋ ಇಲ್ಲವೋ. ಇದನ್ನು ಅವರು ಕೇಳುವ ತನಕ ಕಾಯಬೇಡಿ.

ಈ ಕೊನೆಯ ಮಾತು ಮನೆಯವರಿಗೂ. ಅಳದವರು ಅಪಾಯದಲ್ಲಿಲ್ಲ ಅಂತ ತಿಳಿಯಬಾರದು. ‘ಇದ್ದರೂ ಅಷ್ಟೇ, ಇಲ್ಲದಿದ್ದರೂ ಅಷ್ಟೇ’ ಅಂತ ತಣ್ಣಗೆ ಹೇಳುವ ಮಾತು ಅಳುತ್ತಾ ಹೇಳಿದ ಮಾತಿನಷ್ಟೇ ಗಂಭೀರ. ಅಂಥ ಮಾತು ಬಂದ ದಿನವೇ 14416ಕ್ಕೆ ಮಾಡಿ, ತುರ್ತಾದರೆ 112 ಅಥವಾ 108. ಅವರನ್ನು ಒಂಟಿಯಾಗಿ ಬಿಡಬೇಡಿ. ಹೊಲದ ಮನೆಗಳಲ್ಲಿ ಕೀಟನಾಶಕದ ಡಬ್ಬ ಅಟ್ಟದ ಮೇಲೋ ಬಚ್ಚಲ ಪಕ್ಕವೋ ಇರುತ್ತದೆ. ಅದನ್ನು ಆ ದಿನವೇ ಬೇರೆಯವರ ಮನೆಗೆ ಸಾಗಿಸಿ. ಬೀಗ ಹಾಕಿದರೆ ಸಾಕು ಅನ್ನೋದು ಬೇಡ, ಬೀಗದಕೈ ಎಲ್ಲಿದೆ ಅಂತ ಮನೆಯವರಿಗೆಲ್ಲ ಗೊತ್ತಿರುತ್ತದೆ.

ಒಂದೇ ದೂರು, ಐದಾರು ಕಾರಣ

‘ಏನೂ ಅನ್ಸ್ತಿಲ್ಲ’ ಅನ್ನೋದು ಕಾಯಿಲೆಯ ಹೆಸರಲ್ಲ, ಜ್ವರದ ಹಾಗೆ ಒಂದು ಲಕ್ಷಣ.

ಖುಷಿ ಮಾತ್ರ ಹೋಗಿ, ಭಾರ, ಸುಸ್ತು, ತಾನು ಪ್ರಯೋಜನಕ್ಕಿಲ್ಲ ಅನ್ನುವ ಯೋಚನೆ ಉಳಿದಿದ್ದರೆ ಮೊದಲ ಅನುಮಾನ ಖಿನ್ನತೆ. ಆಸಕ್ತಿ, ಸಂತೋಷ ಎರಡೂ ಬತ್ತುವುದಕ್ಕೆ ಅನ್‌ಹೆಡೋನಿಯಾ ಅಂತ ಹೆಸರಿಟ್ಟವರು ಫ್ರಾನ್ಸಿನ ರಿಬೋ, 1896ರಲ್ಲಿ. ವೈದ್ಯರು ಬಳಸುವ ಪಿಎಚ್‌ಕ್ಯೂ-9 ಅನ್ನುವ ಒಂಬತ್ತು ಪ್ರಶ್ನೆಯ ಪಟ್ಟಿ ಶುರುವಾಗುವುದೇ ಇದರಿಂದ: ಕಳೆದ ಎರಡು ವಾರದಲ್ಲಿ ಕೆಲಸಗಳಲ್ಲಿ ಆಸಕ್ತಿ ಅಥವಾ ಸಂತೋಷ ಕಡಿಮೆಯಾಗಿ ಎಷ್ಟು ದಿನ ತೊಂದರೆಯಾಯಿತು? ಒಂದೊಂದಕ್ಕೆ 0ರಿಂದ 3, ಒಟ್ಟು 27. 10 ಅಥವಾ ಅದಕ್ಕಿಂತ ಹೆಚ್ಚು ಬಂದರೆ ವೈದ್ಯರು ಕೂಲಂಕಷವಾಗಿ ನೋಡುತ್ತಾರೆ. ಒಂಬತ್ತನೇ ಪ್ರಶ್ನೆ ಸಾವಿನ ಯೋಚನೆಯದು, ಅದಕ್ಕೆ ಸೊನ್ನೆ ಬಿಟ್ಟು ಬೇರೆ ಏನೇ ಬಂದರೂ ಒಟ್ಟು ಎಷ್ಟಾಯಿತು ಅಂತ ಲೆಕ್ಕ ಹಾಕುತ್ತಾ ಕೂರಬಾರದು.

ಎಲ್ಲ ಭಾವನೆಗಳೂ ಒಟ್ಟಿಗೆ ಚಪ್ಪಟೆಯಾಗಿದ್ದರೆ, ಅದೂ ಖಿನ್ನತೆಯ ಗುಳಿಗೆ ಶುರು ಮಾಡಿದ ಮೇಲೆ ಆಗಿದ್ದರೆ, ಗುಳಿಗೆಯ ಮೇಲೂ ಒಂದು ಕಣ್ಣಿಡಬೇಕು. ಎಸಿಟಾಲೊಪ್ರಾಮ್, ಸರ್ಟ್ರಾಲಿನ್ ತರಹದ ಗುಳಿಗೆಗಳಲ್ಲಿ ಇದು ಅಪರೂಪವೇನಲ್ಲ. ಖಿನ್ನತೆಯ ಗುಳಿಗೆ ತೆಗೆದುಕೊಳ್ಳುತ್ತಿದ್ದವರಲ್ಲಿ ನಡೆಸಿ 2017ರಲ್ಲಿ ಪ್ರಕಟವಾದ ಒಂದು ಸಮೀಕ್ಷೆಯಲ್ಲಿ ಶೇ 46 ಮಂದಿ ಭಾವನೆ ಮೊಂಡಾಗಿದೆ ಅಂದಿದ್ದರು. ಅಳು ಬರಬೇಕಾದ ಕಡೆ ಬರುವುದಿಲ್ಲ, ನಗು ಬಾಯಿ ತನಕ ಬಂದು ನಿಲ್ಲುತ್ತದೆ. ಇಲ್ಲೊಂದು ತೊಡಕು: ಅದೇ ಲಕ್ಷಣ ಪೂರ್ತಿ ವಾಸಿಯಾಗದೆ ಉಳಿದ ಖಿನ್ನತೆಯದೂ ಇರಬಹುದು. ಮೊದಲನೆಯದಕ್ಕೆ ಪ್ರಮಾಣ ಇಳಿಸಬೇಕಾಗಬಹುದು ಅಥವಾ ಬುಪ್ರೋಪಿಯಾನ್ ತರಹ ಬೇರೆ ದಾರಿಯಲ್ಲಿ ಕೆಲಸ ಮಾಡುವ ಗುಳಿಗೆಗೆ ಬದಲಿಸಬೇಕಾಗಬಹುದು. ಎರಡನೆಯದಕ್ಕೆ ಇಳಿಸಿದರೆ ರೋಗವೇ ಹೆಚ್ಚೀತು. ತೀರ್ಮಾನ ವೈದ್ಯರದು. ಅವರಿಗೆ ಬೇಕಾಗುವುದು ತಾರೀಖು: ಗುಳಿಗೆ ಶುರುವಾದದ್ದು ಯಾವಾಗ, ಪ್ರಮಾಣ ಏರಿದ್ದು ಯಾವಾಗ, ಭಾವ ಇಳಿದದ್ದು ಯಾವಾಗ.

ಜನ ಏನು ಮಾಡುತ್ತಾರೆ ಅಂದರೆ, ಗುಳಿಗೆ ಕಾರಣ ಅಂತ ಎಲ್ಲೋ ಓದಿದ ಮಾರನೇ ದಿನ ಸ್ಟ್ರಿಪ್ ಎಸೆಯುತ್ತಾರೆ. ಎರಡು ಮೂರು ದಿನಕ್ಕೆ ತಲೆಸುತ್ತು, ವಾಕರಿಕೆ, ತಲೆಯೊಳಗೆ ಶಾಕ್ ಹೊಡೆದ ಹಾಗೆ, ಸುಮ್ಮಸುಮ್ಮನೆ ರೇಗಾಟ. ಪರಾಕ್ಸೆಟಿನ್, ವೆನ್ಲಾಫ್ಯಾಕ್ಸಿನ್ ಬೇಗ ದೇಹದಿಂದ ಇಳಿಯುವುದರಿಂದ ಅವುಗಳಲ್ಲಿ ಇದು ಜೋರು. ಫ್ಲುಒಕ್ಸೆಟಿನ್ ನಿಧಾನಕ್ಕೆ ಇಳಿಯುತ್ತದೆ, ತೊಂದರೆ ಕಡಿಮೆ. ಆ ರೇಗಾಟವನ್ನೇ ‘ಭಾವನೆ ವಾಪಸ್ ಬಂತು’ ಅಂದುಕೊಂಡು ಖುಷಿಪಟ್ಟವರೂ ಇದ್ದಾರೆ. ಅದು ಭಾವನೆ ಅಲ್ಲ, ಗುಳಿಗೆ ಹಠಾತ್ತನೆ ನಿಂತದ್ದರ ಪರಿಣಾಮ.

ಇನ್ನೊಂದು ಬಗೆ, ದೊಡ್ಡ ಪೆಟ್ಟು ಬಿದ್ದ ಮೇಲಿನ ಮರಗಟ್ಟುವಿಕೆ. ಅಪಘಾತ, ಹಠಾತ್ ಸಾವು, ಹಿಂಸೆ. ಮೊದಲ ಕೆಲವು ದಿನ ಇದು ಸಹಜ, ಮನಸ್ಸು ಒಂದೇ ಸಲ ಹೊರಲಾರದ್ದನ್ನು ಹೊರಗೆ ನಿಲ್ಲಿಸುತ್ತದೆ. ‘ಒಂದ್ಸಲ ಅತ್ತುಬಿಡು, ಹಗುರಾಗ್ತೀಯ’ ಅಂತ ನೆಂಟರೆಲ್ಲ ಸುತ್ತ ಕೂತು ಒತ್ತಾಯ ಮಾಡುವುದು ಒಳ್ಳೆಯ ಮನಸ್ಸಿನಿಂದಲೇ, ಆದರೆ ಅದರಿಂದ ಉಪಕಾರ ಇಲ್ಲ. ತಿಂಗಳು ದಾಟಿದ ಮೇಲೂ ಕಲ್ಲಾಗಿಯೇ ಇದ್ದು, ಅದೇ ಘಟನೆ ಕನಸಲ್ಲಿ ಬಂದು ಬೆಚ್ಚಿಬೀಳುವುದು, ಆ ರಸ್ತೆಯನ್ನೇ ತಪ್ಪಿಸಿ ಓಡಾಡುವುದು ಇದ್ದರೆ ಅದಕ್ಕೇ ಬೇರೆ ಚಿಕಿತ್ಸೆ ಇದೆ. ತನ್ನ ಕೈ ತನ್ನದಲ್ಲ ಅನ್ನಿಸುವುದು, ಜಗತ್ತು ಗಾಜಿನ ಆಚೆ ಇದ್ದ ಹಾಗೆ ಕಾಣುವುದು ಇದರ ಹತ್ತಿರದ ಮತ್ತೊಂದು ಸ್ಥಿತಿ. ಗಾಜಿನ ಮಾತು ಫೋನಿನಲ್ಲಿ ಹೇಳಲೇಬೇಕು, ಕೇಳುವ ತಜ್ಞರಿಗೆ ಅದೊಂದು ಸ್ಪಷ್ಟ ಗುರುತು.

ಹುಟ್ಟಿನಿಂದಲೇ ಹೀಗಿರುವವರೂ ಇದ್ದಾರೆ. ಭಾವನೆ ಇದೆ, ಹೆಸರು ಗೊತ್ತಿಲ್ಲ. ಸಿಟ್ಟು ಬಂದದ್ದು ತಲೆನೋವು ಶುರುವಾದ ಮೇಲೆ ಗೊತ್ತಾಗುತ್ತದೆ. ಇದಕ್ಕೆ 1970ರ ದಶಕದ ಮೊದಲಲ್ಲಿ ಪೀಟರ್ ಸಿಫ್ನಿಯೋಸ್ ಅನ್ನುವ ಮನೋವೈದ್ಯರು ಅಲೆಕ್ಸಿಥೈಮಿಯಾ ಅಂತ ಹೆಸರಿಟ್ಟರು. ಗ್ರೀಕ್ ಮೂಲದ ಪದ, ಭಾವಕ್ಕೆ ಮಾತಿಲ್ಲ ಅನ್ನೋದು ಅರ್ಥ. ಇದು ರೋಗ ಅಲ್ಲ, ಒಂದು ಗುಣ. ಅಳೆಯಲು ಟಿಎಎಸ್-20 ಅಂತ ಇಪ್ಪತ್ತು ವಾಕ್ಯಗಳ ಪಟ್ಟಿ ಇದೆ, ಅಂಕ 20ರಿಂದ 100, 61 ಮೇಲ್ಪಟ್ಟರೆ ಇದೆ ಅಂತ ಲೆಕ್ಕ. ಆದರೆ ತನ್ನ ಭಾವನೆ ತನಗೇ ಗೊತ್ತಾಗದವನ ಹತ್ತಿರ ‘ನಿನಗೆ ನಿನ್ನ ಭಾವನೆ ಎಷ್ಟು ಗೊತ್ತಾಗುತ್ತೆ’ ಅಂತ ಕೇಳುವ ಪಟ್ಟಿ ಅದು! ಅಂಕದ ಜತೆಗೆ ಹೆಂಡತಿಯನ್ನೋ ಅಣ್ಣನನ್ನೋ ಒಂದು ಮಾತು ಕೇಳುವ ತಜ್ಞರು ಸಿಕ್ಕರೆ ಅದೃಷ್ಟ.

ಥೈರಾಯ್ಡ್ ಕಡಿಮೆಯಾದರೆ, ಬಿ12 ಇಳಿದರೆ, ರಕ್ತಹೀನತೆ ಇದ್ದರೆ ಮನಸ್ಸೂ ಜಡವಾಗುತ್ತದೆ. ಹಾಲು-ಮೊಸರು ಹೆಚ್ಚಿಲ್ಲದ ಸಸ್ಯಾಹಾರಿ ಮನೆಗಳಲ್ಲಿ ಬಿ12 ಕೊರತೆ ಸಾಮಾನ್ಯ. ಟಿಎಸ್‌ಎಚ್ (ಥೈರಾಯ್ಡ್ ಪರೀಕ್ಷೆ), ಬಿ12, ಹಿಮೋಗ್ಲೋಬಿನ್ ಮೂರಕ್ಕೂ ಒಂದೇ ಸಲ ರಕ್ತ ಕೊಟ್ಟರಾಯಿತು. ಮೊದಲ ಭೇಟಿಗೇ ಈ ರಿಪೋರ್ಟ್ ಒಯ್ದರೆ ಒಂದು ಓಡಾಟ ಉಳಿಯುತ್ತದೆ.

ಆಸ್ಪತ್ರೆಯ ಮೆಟ್ಟಿಲು

ನಮ್ಮ ಸೀಮೆಗೆ ಈ ವಿಷಯದಲ್ಲಿ ಒಂದು ಹೆಮ್ಮೆ ಇರಬೇಕು, ಯಾರೂ ಹೇಳಿಕೊಳ್ಳುವುದಿಲ್ಲ. ಜಿಲ್ಲೆಯ ಮಟ್ಟದಲ್ಲಿ, ಹಳ್ಳಿಯ ಆರೋಗ್ಯ ಕೇಂದ್ರದ ವೈದ್ಯರನ್ನೇ ತಯಾರು ಮಾಡಿ ಮನೋರೋಗಕ್ಕೆ ಚಿಕಿತ್ಸೆ ಕೊಡಬಹುದು ಅಂತ ನಿಮ್ಹಾನ್ಸ್ ಮಾಡಿ ತೋರಿಸಿದ್ದು 1980ರ ದಶಕದಲ್ಲಿ, ಪಕ್ಕದ ಬಳ್ಳಾರಿ ಜಿಲ್ಲೆಯಲ್ಲಿ. ಆ ಬಳ್ಳಾರಿ ಮಾದರಿಯೇ 1996ರಲ್ಲಿ ದೇಶದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮ ಆಯಿತು. ಈಗ ದಾವಣಗೆರೆಯವರಿಗೆ ಚಿಗಟೇರಿ ಜಿಲ್ಲಾ ಆಸ್ಪತ್ರೆ ಇದೆ. ತಾಲ್ಲೂಕು ಆಸ್ಪತ್ರೆಗಳಿಗೆ ‘ಮನೋಚೈತನ್ಯ’ ಹೆಸರಿನಲ್ಲಿ ಮಂಗಳವಾರದ ಕ್ಲಿನಿಕ್ ಇದೆ. ಜಗಳೂರು, ಹೊನ್ನಾಳಿ, ಚನ್ನಗಿರಿ ಕಡೆಯವರು, ಆ ಕಡೆ ಹೊಳಲ್ಕೆರೆ, ಹಿರಿಯೂರಿನವರು ಮೊದಲೇ ಆಸ್ಪತ್ರೆಗೆ ಕೇಳಿಕೊಂಡು, ತಜ್ಞರು ಬರುವುದು ಯಾವ ಮಂಗಳವಾರ ಅಂತ ಖಚಿತ ಮಾಡಿಕೊಂಡು ಬಸ್ ಹತ್ತುವುದು ಒಳ್ಳೆಯದು.

ಓಪಿಡಿಯಲ್ಲಿ ಸಿಗುವ ಸಮಯ ಸ್ವಲ್ಪ. ಸಾಲು ದೊಡ್ಡದು, ವೈದ್ಯರು ಒಬ್ಬರೋ ಇಬ್ಬರೋ. ಹೇಳುವುದನ್ನು ಮೊದಲ ಮೂರು ವಾಕ್ಯದಲ್ಲಿ ಹೇಳಬೇಕು. ಫೋನಿಗೆ ಬರೆದ ಅದೇ ಹಾಳೆಯನ್ನು ಓಪಿಡಿ ಚೀಟಿಯ ಜತೆ ಮೇಜಿನ ಮೇಲಿಡಿ, ಓದಿ ಹೇಳುವುದಕ್ಕಿಂತ ಅವರೇ ಕಣ್ಣಾಡಿಸುವುದು ಬೇಗ. ಗುಳಿಗೆ ಬರೆದು ಕಳಿಸಿದರೆ ‘ಕ್ಲಿನಿಕಲ್ ಸೈಕಾಲಜಿಸ್ಟ್ ಹತ್ತಿರ ಕೂತು ಮಾತಾಡುವ ಚಿಕಿತ್ಸೆ ಬೇಕು ಸರ್’ ಅಂತ ಬಾಯಿಬಿಟ್ಟು ಕೇಳಿ. ಜಿಲ್ಲಾ ಕಾರ್ಯಕ್ರಮದ ತಂಡದಲ್ಲಿ ಮನೋವೈದ್ಯರ ಜತೆ ಆ ಹುದ್ದೆಯೂ ಇದೆ, ಸಮಾಜ ಕಾರ್ಯಕರ್ತರ ಹುದ್ದೆಯೂ ಇದೆ. ಕೇಳದವರಿಗೆ ಗುಳಿಗೆಯಷ್ಟೇ ಸಿಕ್ಕುವುದು ರೂಢಿ.

ಖಾಸಗಿಗೆ ಹೋಗುವವರಿಗೆ ಒಂದೇ ಮಾತು. ಮನೋವೈದ್ಯರು ಅಂದರೆ ಎಂಬಿಬಿಎಸ್ ಮೇಲೆ ಎಂಡಿ ಅಥವಾ ಸಮಾನ ಓದು ಮುಗಿಸಿದವರು, ಗುಳಿಗೆ ಬರೆಯುತ್ತಾರೆ. ಕ್ಲಿನಿಕಲ್ ಸೈಕಾಲಜಿಸ್ಟ್‌ಗೆ ಆರ್‌ಸಿಐ (ಭಾರತೀಯ ಪುನರ್ವಸತಿ ಮಂಡಳಿ) ನೋಂದಣಿ ಸಂಖ್ಯೆ ಇರುತ್ತದೆ, ಗುಳಿಗೆ ಬರೆಯುವುದಿಲ್ಲ. ಬರೇ ‘ಕೌನ್ಸೆಲಿಂಗ್ ಸೆಂಟರ್’ ಅಂತ ಬೋರ್ಡು ಕಂಡರೆ ಓದಿದ್ದೇನು ಅಂತ ಕೇಳಲು ಸಂಕೋಚ ಬೇಡ. ಆರೋಗ್ಯ ವಿಮೆ ಇದ್ದವರು ನೆನಪಿಡಿ: 2017ರ ಮಾನಸಿಕ ಆರೋಗ್ಯ ಕಾಯ್ದೆ ಪ್ರಕಾರ ದೇಹದ ಕಾಯಿಲೆಗಿರುವ ನಿಯಮದಲ್ಲೇ ಮನಸ್ಸಿನ ಕಾಯಿಲೆಗೂ ವಿಮೆ ಕೊಡಬೇಕು. ಗುಟ್ಟು ಕಾಪಾಡಬೇಕು ಅನ್ನೋದೂ ಅದೇ ಕಾಯ್ದೆಯಲ್ಲಿದೆ.

ಮನೆಯ ಕೆಲಸ

ಫೋನಾಗಲಿ ಆಸ್ಪತ್ರೆಯಾಗಲಿ ದಾರಿ ತೋರಿಸಿಯಾವು. ದಿನಾ ಮಾಡಬೇಕಾದ ಕೆಲಸ ಮನೆಯದು, ಮತ್ತು ಇಲ್ಲಿಯೇ ಹೆಚ್ಚು ಜನ ಎಡವುವುದು. ಇಂಟರ್ನೆಟ್ಟಿನಲ್ಲಿ ‘ಭಾವನೆಗಳ ಚಕ್ರ’ ಅನ್ನುವ ಬಣ್ಣದ ಚಿತ್ರ ಸಿಗುತ್ತದೆ. 1980ರಲ್ಲಿ ಅಮೆರಿಕದ ರಾಬರ್ಟ್ ಪ್ಲುಚಿಕ್ ಎಂಟು ಮೂಲ ಭಾವಗಳ ಚಕ್ರ ಬರೆದರು, ಆಮೇಲೆ ಅಂಥವು ಹತ್ತಾರು ಬಂದವು. ಇಂಗ್ಲಿಷಿನಿಂದ ಕನ್ನಡಕ್ಕೆ ಇಳಿಸಿದ ಚಕ್ರಗಳಲ್ಲಿ ‘ಪರಿತ್ಯಕ್ತ’, ‘ಉಪೇಕ್ಷಿತ’, ‘ಅಸುರಕ್ಷಿತ’ ಅಂತೆಲ್ಲ ಇರುತ್ತದೆ. ಜಯದೇವ ಸರ್ಕಲ್‌ನಲ್ಲಿ ನಿಂತು ‘ಇವತ್ತು ನನಗೆ ಪರಿತ್ಯಕ್ತ ಭಾವ’ ಅಂದವರನ್ನು ಯಾರಾದರೂ ಕಂಡಿದ್ದೀರಾ? ಭಾವನೆ ಕಳೆದುಕೊಂಡವನಿಗೆ ಪದವನ್ನೂ ಅಪರಿಚಿತ ಮಾಡಿಕೊಟ್ಟರೆ ಅವನು ಅದನ್ನು ಪರೀಕ್ಷೆಯ ಪ್ರಶ್ನೆಯಂತೆ ಬಿಡಿಸುತ್ತಾನೆಯೇ ಹೊರತು ಅದು ಮೈಗೆ ತಾಕುವುದಿಲ್ಲ. ಈ ಚಿತ್ರಗಳನ್ನು ಪ್ರಿಂಟ್ ಹಾಕಿಸಬೇಡಿ.

ಅದಕ್ಕಿಂತ ಎಷ್ಟೋ ಹರಿತವಾದ ಸಾಮಾನು ನಮ್ಮ ಬಾಯಲ್ಲೇ ಇದೆ. ಕನ್ನಡ ಭಾವನೆಯನ್ನು ಮೈಮೇಲೆ ಜಾಗ ತೋರಿಸಿ ಹೇಳುತ್ತದೆ. ಎದೆ ಝಲ್ಲೆಂದಿತು, ಕರುಳು ಚುರುಕ್ ಅಂತು, ಹೊಟ್ಟೆ ಉರಿಯಿತು, ಗಂಟಲು ಕಟ್ಟಿತು, ಮೈ ಝುಂ ಅಂತು, ಕೈಕಾಲು ತಣ್ಣಗಾದವು, ಕಣ್ಣು ತುಂಬಿತು. ನಮ್ಮ ಹಳೆಯ ಅಲಂಕಾರಶಾಸ್ತ್ರದವರೂ ಎಂಟು ಸ್ಥಾಯಿಭಾವ, ಅಂದರೆ ಮನಸ್ಸಿನ ಮೂಲ ಭಾವ, ಹೇಳಿ ಸುಮ್ಮನಾಗಲಿಲ್ಲ. ಬೆವರು, ರೋಮಾಂಚ, ನಡುಕ, ದನಿ ಒಡೆಯುವುದು, ಬಣ್ಣಗೆಡುವುದು, ಕಣ್ಣೀರು ಅಂತ ಮೈಯ ಎಂಟು ಸಾತ್ವಿಕ ಭಾವಗಳನ್ನೂ ಎಣಿಸಿದರು. ಆ ಎಂಟರಲ್ಲಿ ಮೊದಲನೆಯದು ಸ್ತಂಭ, ಕಂಬದಂತೆ ನಿಂತುಬಿಡುವುದು. 2014ರಲ್ಲಿ ಫಿನ್‌ಲೆಂಡಿನ ಸಂಶೋಧಕರು 701 ಜನರ ಕೈಲಿ ಯಾವ ಭಾವ ಮೈಯ ಯಾವ ಭಾಗದಲ್ಲಿ ಏಳುತ್ತದೆ, ಎಲ್ಲಿ ಇಳಿಯುತ್ತದೆ ಅಂತ ಚಿತ್ರಕ್ಕೆ ಬಣ್ಣ ಹಾಕಿಸಿದರು. ಖಿನ್ನತೆಯ ಚಿತ್ರದಲ್ಲಿ ಕೈಕಾಲು ಮಂಕಾಗಿದ್ದವು. ನಮ್ಮ ಅಜ್ಜಿಯರು ‘ಕೈಕಾಲೇ ಆಡವಲ್ದು’ ಅನ್ನುವಾಗ ಹೇಳುತ್ತಿದ್ದದ್ದೂ ಅದನ್ನೇ.

ಹಾಗಾಗಿ ಮನೆಯ ಅಭ್ಯಾಸ ಪದದಿಂದ ಅಲ್ಲ, ಮೈಯಿಂದ ಶುರುವಾಗಬೇಕು. ಸಾದಾ ನೂರು ಪುಟದ ನೋಟ್‌ಬುಕ್ ಸಾಕು. ನಾಲ್ಕು ಅಂಕಣ: ಹೊತ್ತು, ಏನು ನಡೆಯಿತು, ಮೈಯಲ್ಲಿ ಎಲ್ಲಿ ಏನಾಯಿತು, ಅದಕ್ಕೆ ಹೆಸರು. ದಿನಕ್ಕೆ ಮೂರು ಸಲ, ಒಂದೊಂದು ಸಲಕ್ಕೆ ಎರಡೇ ನಿಮಿಷ. ಬೆಳಗಿನ ಚಹಾ, ಮಧ್ಯಾಹ್ನದ ಊಟ ಆದ ಮೇಲೆ, ಮಲಗುವ ಮುಂಚೆ. ಹೊಸ ಹೊತ್ತು ಹುಡುಕಿದರೆ ಮೂರನೇ ದಿನಕ್ಕೆ ನಿಲ್ಲುತ್ತದೆ. ನಾಲ್ಕನೇ ಅಂಕಣದಲ್ಲಿ ‘ಗೊತ್ತಿಲ್ಲ’ ಅಂತ ಬರೆಯಬಹುದು, ಮೊದಲ ಎರಡು ವಾರ ಹೆಚ್ಚಿನವರು ಹಾಗೇ ಬರೆಯುವುದು. ಮೂರನೆಯದನ್ನು ಮಾತ್ರ ಖಾಲಿ ಬಿಡುವಂತಿಲ್ಲ. ‘ಭುಜ ಬಿಗಿ’, ‘ಹಲ್ಲು ಕಚ್ಚಿಕೊಂಡಿದ್ದೆ’, ‘ಅಂಗೈ ಬೆಚ್ಚಗೆ’, ‘ಏನಿಲ್ಲ, ಪಾದಕ್ಕೆ ನೆಲ ತಣ್ಣಗೆ’, ಇಷ್ಟೇ ಸಾಕು. ಪದಗಳಿಗೆ ನೋಟ್‌ಬುಕ್ಕಿನ ಕೊನೇ ಪುಟದಲ್ಲಿ ಹತ್ತು ಬರೆದಿಟ್ಟುಕೊಳ್ಳಿ: ಸಿಡುಕು, ಕಸಿವಿಸಿ, ಅಂಜಿಕೆ, ಅವಮಾನ, ಹೊಟ್ಟೆಕಿಚ್ಚು, ದುಗುಡ, ಅಕ್ಕರೆ, ಹಿಗ್ಗು, ನಿರಾಳ, ಹಂಬಲ. ‘ಬೇಜಾರು’ ಈ ಪಟ್ಟಿಯಲ್ಲಿ ಇರಬಾರದು. ಅದನ್ನು ಬರೆಯಲೇಬೇಕು ಅನ್ನಿಸಿದರೆ ಹತ್ತರಲ್ಲಿ ಯಾವುದಕ್ಕೆ ಹತ್ತಿರ ಅಂತ ಕೇಳಿಕೊಂಡು ಆ ಪದ ಬರೆಯಬೇಕು.

ಎದೆಬಡಿತದ ಅಭ್ಯಾಸವೂ ಒಳ್ಳೆಯದು. ನಾಡಿ ಮುಟ್ಟದೆ, ಕಣ್ಣು ಮುಚ್ಚಿ ಮೂವತ್ತು ಸೆಕೆಂಡು ಬಡಿತ ಎಣಿಸುವುದು. ಆಮೇಲೆ ಮಣಿಕಟ್ಟು ಹಿಡಿದು ಮೂವತ್ತು ಸೆಕೆಂಡು. ಮೊದಮೊದಲು ಒಳಗೇನೂ ಕೇಳಿಸುವುದಿಲ್ಲ. ಎರಡು ಅಂಕಿ ಹತ್ತಿರ ಬರುತ್ತಾ ಹೋಗುವುದೇ ಗುರುತು. ಗಾಬರಿ ಕಾಯಿಲೆ ಇದ್ದವರು ಇದನ್ನು ಮಾಡಬಾರದು, ಬಡಿತ ಗಮನಿಸಿದಷ್ಟೂ ಅವರಿಗೆ ಹೆದರಿಕೆ ಏರುತ್ತದೆ. ಅವರಿಗೆ ಪಾದ, ಅಂಗೈ ಸಾಕು.

ನಮ್ಮ ಊರಿಗೆ ಹೇಳಿಮಾಡಿಸಿದ ಅಭ್ಯಾಸ ಇನ್ನೊಂದಿದೆ, ಬೆಣ್ಣೆದೋಸೆ. ನಗಬೇಡಿ. ಫೋನ್ ಜೇಬಿಗೆ ಹಾಕಿ ಒಬ್ಬರೇ ಹೋಗಿ, ಕಾವಲಿ ಕಾಣುವ ಕಡೆ ಕೂರಿ. ಹಿಟ್ಟು ಹರಡುವಾಗಿನ ಚುಯ್ ಸದ್ದು, ಬೆಣ್ಣೆ ಬಿದ್ದ ಕೂಡಲೇ ಬದಲಾಗುವ ವಾಸನೆ, ಎಲೆಯ ಮೇಲೆ ಬಂದಾಗ ಮುಖಕ್ಕೆ ಹೊಡೆಯುವ ಬಿಸಿ. ಮೊದಲ ಮೂರು ತುತ್ತು ಮಾತ್ರ ಗಮನ ಇಟ್ಟು ತಿನ್ನಿ: ಒಂದು ಬರೇ ದೋಸೆ, ಗರಿ ಅಂಚು, ಒಂದು ಬಿಳಿ ಆಲೂಗಡ್ಡೆ ಪಲ್ಯದ ಜತೆ, ಒಂದು ಕಾಯಿ ಚಟ್ನಿಯ ಜತೆ. ನಾಲಿಗೆಯ ಯಾವ ಕಡೆ ಏನು ಗೊತ್ತಾಯಿತು ಅನ್ನೋದಷ್ಟೇ ಲೆಕ್ಕ. ಉಳಿದದ್ದನ್ನು ಹೇಗೆ ಬೇಕಾದರೂ ತಿನ್ನಿ, ಆರಿದರೆ ಚೆನ್ನಾಗಿರಲ್ಲ. ಇಲ್ಲಿ ಆಗುವ ತಪ್ಪು ಅಂದರೆ ‘ಖುಷಿ ಆಯ್ತಾ?’ ಅಂತ ಕೇಳಿಕೊಳ್ಳುವುದು. ಖುಷಿಗೆ ಕಾದು ಕೂತರೆ ಬರುವುದು ನಿರಾಸೆ. ರುಚಿ ಗೊತ್ತಾಯಿತಾ ಅನ್ನೋದೊಂದೇ ಪ್ರಶ್ನೆ. ರುಚಿಯೇ ಗೊತ್ತಾಗದವರು ಮಂಡಕ್ಕಿ ಜತೆ ಮಿರ್ಚಿಯಿಂದ ಶುರು ಮಾಡಬಹುದು. ಮೆಣಸಿನ ಖಾರ ರುಚಿಯ ನರದ ಮೇಲಲ್ಲ, ನೋವು ಮತ್ತು ಬಿಸಿ ತಿಳಿಸುವ ನರದ ಮೇಲೆ ಕೆಲಸ ಮಾಡುತ್ತದೆ. ಮನಸ್ಸು ಎಷ್ಟು ಮಂಕಾಗಿದ್ದರೂ ಅದು ಮುಟ್ಟಿಸುತ್ತದೆ.

ಖಿನ್ನತೆ ಕಾರಣವಾಗಿದ್ದವರಿಗೆ ಇದರ ಜತೆ ಚಟುವಟಿಕೆಯ ಲೆಕ್ಕ ಬೇಕು. ದಿನಕ್ಕೊಂದು ಸಣ್ಣ ಕೆಲಸ, ಇಪ್ಪತ್ತು ನಿಮಿಷ ಮೀರದ್ದು. ಮಾಡುವ ಮುಂಚೆ ‘ಇದರಿಂದ ಎಷ್ಟು ಹಿತ ಸಿಕ್ಕೀತು’ ಅಂತ 0ರಿಂದ 10ರಲ್ಲಿ ಒಂದು ಅಂಕಿ, ಮಾಡಿದ ಮೇಲೆ ನಿಜವಾಗಿ ಸಿಕ್ಕ ಅಂಕಿ, ಪಕ್ಕದಲ್ಲಿ ‘ಮಾಡಿ ಮುಗಿಸಿದೆ’ ಅನ್ನುವ ತೃಪ್ತಿಗೆ ಇನ್ನೊಂದು. ಮುಂಚೆ 0 ಅಂತ ಬರೆದದ್ದು ಆಮೇಲೆ 2 ಆದರೆ ಸಾಕು. ಮನಸ್ಸು ಬಂದ ಮೇಲೆ ಮಾಡೋಣ ಅಂದರೆ ಈ ಕಾಯಿಲೆಯಲ್ಲಿ ಮನಸ್ಸು ಬರುವುದಿಲ್ಲ, ಮಾಡಿದ ಮೇಲೆ ಸ್ವಲ್ಪ ಸ್ವಲ್ಪ ಬರುತ್ತದೆ.

ಎರಡು ಕಡೆ ಈ ಅಭ್ಯಾಸ ಕೆಡುತ್ತದೆ. ಒಂದು, ‘ಯಾಕೆ’ ಅನ್ನುವ ಪ್ರಶ್ನೆ. ‘ಭುಜ ಬಿಗಿ’ ಅಂತ ಬರೆದ ಕೂಡಲೇ ‘ಯಾಕಪ್ಪಾ ಅಂದರೆ ಚಿಕ್ಕಂದಿನಲ್ಲಿ…’ ಅಂತ ಪುಟಗಟ್ಟಲೆ ವಿಶ್ಲೇಷಣೆ. ಓದಿದವರಿಗೆ ಈ ಚಟ ಜಾಸ್ತಿ. ತಲೆ ಓಡತೊಡಗಿತು ಅಂದರೆ ಮೈ ಮತ್ತೆ ಮರೆಯಾಯಿತು ಅಂತಲೇ. ಇನ್ನೊಂದು, ಅವಸರ. ತೀರಿಕೊಂಡವರ ಫೋಟೊ, ಹಳೆಯ ವಾಯ್ಸ್ ಮೆಸೇಜ್ ಎಲ್ಲ ಒಂದೇ ರಾತ್ರಿ ಹರಡಿಕೊಂಡು ಕೂರುವುದು. ಪೆಟ್ಟು ತಿಂದವರಲ್ಲಿ ಹಾಗೆ ಮಾಡಿದರೆ ಪ್ರವಾಹ ಬಂದು, ಮಾರನೇ ದಿನ ಮೊದಲಿಗಿಂತ ಗಟ್ಟಿ ಕಲ್ಲು. ಹಾಗೇನಾದರೂ ಆದರೆ ಎರಡೂ ಪಾದ ನೆಲಕ್ಕೆ ಒತ್ತಿ, ತಣ್ಣೀರು ಮುಖಕ್ಕೆ ಹಾಕಿ, ಕಣ್ಣಿಗೆ ಕಾಣುವ ಐದು ವಸ್ತುಗಳ ಹೆಸರು ಗಟ್ಟಿಯಾಗಿ ಹೇಳಬೇಕು. ಅಂಥ ನೆನಪುಗಳ ಕೆಲಸ ತಜ್ಞರ ಎದುರಿಗೇ ಆಗಲಿ.

ಮನೆಯವರಿಗೆ ಮೊದಲೇ ಹೇಳಿಡಬೇಕಾದ ವಿಷಯ ಒಂದಿದೆ. ವಾಪಸ್ ಬರುವ ಭಾವನೆಗಳಲ್ಲಿ ಮೊದಲು ಬರುವುದು ಬಹುತೇಕ ಹಿಗ್ಗಲ್ಲ. ಸಿಡುಕು, ಅಳು, ಹಳೇ ಅವಮಾನ. ಇಷ್ಟು ದಿನ ಏನಂದರೂ ‘ಹೂಂ’ ಅನ್ನುತ್ತಿದ್ದ ಸೊಸೆ ಒಂದು ಬೆಳಗ್ಗೆ ‘ನನಗೆ ಇಷ್ಟ ಇಲ್ಲ ಅತ್ತೆ’ ಅನ್ನುತ್ತಾಳೆ. ಮಗ ತಟ್ಟೆ ಕುಕ್ಕುತ್ತಾನೆ. ‘ಟ್ರೀಟ್‌ಮೆಂಟ್ ತಗೊಂಡ ಮೇಲೆ ಜಾಸ್ತಿಯಾಯ್ತು ನೋಡ್ರಿ’ ಅಂತ ಮನೆಯವರು ಅರ್ಧಕ್ಕೇ ನಿಲ್ಲಿಸುವುದು ಇಲ್ಲೇ. ನಿದ್ದೆಯೇ ಬೇಡವಾಗಿ, ಮಾತು ನಿಲ್ಲದೆ, ದುಡ್ಡು ಮನಬಂದಂತೆ ಖರ್ಚಾಗುತ್ತಿದ್ದರೆ ಅದು ಬೇರೆ, ಅದನ್ನು ಆ ದಿನವೇ ವೈದ್ಯರಿಗೆ ತಿಳಿಸಬೇಕು. ಗುಳಿಗೆ ಹೊಸದಾಗಿ ಶುರುವಾದ ಅಥವಾ ಪ್ರಮಾಣ ಬದಲಾದ ದಿನಗಳಲ್ಲಿ ಚಡಪಡಿಕೆ ಏರಿದರೂ ಹಾಗೆಯೇ. ಬರೇ ಸಿಡುಕು, ಅಳು ಆಗಿದ್ದರೆ ಮುಂದಿನ ಮಂಗಳವಾರ ಹೋಗುವಾಗ ನೋಟ್‌ಬುಕ್ಕಿನ ಆ ಪುಟಕ್ಕೆ ಒಂದು ಚೀಟಿ ಸಿಕ್ಕಿಸಿ ತೆಗೆದುಕೊಂಡು ಹೋಗಿ. ನಾಲ್ಕನೇ ಅಂಕಣದಲ್ಲಿ ‘ಗೊತ್ತಿಲ್ಲ’ ಹೋಗಿ ‘ಸಿಡುಕು’ ಬಂದದ್ದು ಯಾವ ತಾರೀಖಿನಿಂದ? ವೈದ್ಯರು ಮೊದಲು ನೋಡಬೇಕಾದದ್ದು ಅದನ್ನೇ.